ಪುಸ್ತಕವನ್ನೋದುವದರಿಂದ ಬಾಳು ಮಾರ್ಪಡುವದು ಹೇಗೆ?

(ಊರ ಸಭೆಗಳ ಓದುಗೂಟಕ್ಕೆ ಪಾಠ. ಮುಂಚಿತವಾಗಿ ಓದಿಕೊಳ್ಳತಕ್ಕ ಭಾಗಗಳು: 2 ಅರಸುಗಳು 22, ಯೆರೆಮೀಯ 36, ಅಪೊಸ್ತಲರ ಕೃತ್ಯಗಳು 8:26–40, ಲೂಕ 19:1–10.)



ನಮ್ಮ ಸಭೆಗಳಿಗೆ ಸೇರಿದ ಮನೆಗಳಲ್ಲಿ ಸತ್ಯವೇದವಿಲ್ಲದ ಮನೆ ಅಪರೂಪವು. ಆದರೆ ಅದು ಎಲ್ಲಿ ಇರುವದು, ಯಾವ ಸ್ಥಿತಿಯಲ್ಲಿ ಇರುವದು ಎಂದು ವಿಚಾರಿಸಿದರೆ ನಗುವೂ ದುಃಖವೂ ಒಟ್ಟಿಗೆ ಬರುವವು. ಕೆಲವು ವರುಷಗಳ ಹಿಂದೆ ಮಳೆಗಾಲದ ಒಂದು ಸಂಜೆ ಅಂಕೋಲಾ ತಾಲೂಕಿನ ಬೆಳಂಬಾರದ ಕಡೆ ಒಂದು ಮನೆಗೆ ನಾವು ಹೋಗಿದ್ದೆವು. ಪ್ರಾರ್ಥನೆಗೆ ಮುಂಚೆ ಆ ಮನೆಯ ಪುಸ್ತಕವನ್ನೇ ತೆಗೆದು ಓದೋಣವೆಂದು ಕೇಳಿದೆವು. ಯಜಮಾನನು ಗೋಡೆಯ ಗೂಡಿನಿಂದ ಕೆಂಪು ಬಟ್ಟೆಯಲ್ಲಿ ಸುತ್ತಿದ್ದ ಗಂಟನ್ನು ಭಕ್ತಿಯಿಂದ ಇಳಿಸಿ ನಮ್ಮ ಮುಂದೆ ಇಟ್ಟನು. ಬಿಚ್ಚಿ ನೋಡಿದರೆ ಒಳಗೆ ತೀರ್ವೆಯ ರಸೀತಿಗಳು, ರೇಶನ್ ಚೀಟಿ, ಮಕ್ಕಳಿಗೆ ಲಸಿಕೆ ಹಾಕಿಸಿದ ಕಾಗದಗಳು ಎಲ್ಲವೂ ಭದ್ರವಾಗಿದ್ದವು. ಪುಸ್ತಕವನ್ನು ಮಾತ್ರ ಯೆಶಾಯನಿಂದ ಪ್ರಲಾಪಗಳ ವರೆಗೆ ಗೆದ್ದಲುಗಳು ಓದಿ ಮುಗಿಸಿದ್ದವು. ಯಜಮಾನನು ತಲೆ ತಗ್ಗಿಸಿದನು. ನಾವೂ ತಗ್ಗಿಸಬೇಕಾಯಿತು, ಯಾಕಂದರೆ ನಾಲ್ಕು ವರುಷಗಳಿಂದ ಆ ಮನೆಗೆ ಹೋಗಿ ಬರುತ್ತಿದ್ದ ನಾವು ನಮ್ಮ ಚೀಲದ ಪುಸ್ತಕವನ್ನು ಓದಿ ಎದ್ದು ಬಂದಿದ್ದೆವೇ ಹೊರತು ಅವರ ಪುಸ್ತಕವನ್ನು ತೆರೆಯಿರೆಂದು ಒಂದು ಸಾರಿಯೂ ಹೇಳಿರಲಿಲ್ಲ.

ಆ ರಾತ್ರಿ ಹಿಂದಿರುಗುವಾಗ ನಮ್ಮ ಮನಸ್ಸಿನಲ್ಲಿ ಎದ್ದ ಪ್ರಶ್ನೆಯೇ ಈ ಪಾಠದ ವಿಷಯವಾಗಿದೆ. ಓದುವದರಿಂದ ಮನುಷ್ಯನ ಬಾಳು ನಿಜವಾಗಿ ಬದಲಾಗುವದೋ? ಓದು ಒಕ್ಕಾಲು ಬುದ್ಧಿ ಮುಕ್ಕಾಲು ಎಂದು ನಮ್ಮ ಹಿರಿಯರು ಹೇಳುತ್ತಾರೆ. ಆ ಮಾತನ್ನು ನಾವು ತಳ್ಳಿಬಿಡುವದಿಲ್ಲ. ಆದರೆ ಆ ಒಕ್ಕಾಲು ಇಲ್ಲದೆ ಉಳಿದ ಮುಕ್ಕಾಲು ಕುಂಟುವದನ್ನು ನಾವು ಕಂಡಿದ್ದೇವೆ.

ಮೊದಲು ಅರಸನಾದ ಯೋಷೀಯನ ಚರಿತ್ರೆಯನ್ನು ನೋಡೋಣ. ಅವನು ಎಂಟು ವರುಷದ ಹುಡುಗನಾಗಿ ಸಿಂಹಾಸನವನ್ನೇರಿದನು. ಅವನ ಆಳಿಕೆಯ ಹದಿನೆಂಟನೇ ವರುಷದಲ್ಲಿ ದೇವಾಲಯದ ದುರಸ್ತಿಯ ಕೆಲಸ ನಡೆಯುತ್ತಿರುವಾಗ ಮಹಾಯಾಜಕನಾದ ಹಿಲ್ಕೀಯನಿಗೆ ಧರ್ಮಶಾಸ್ತ್ರದ ಗ್ರಂಥವು ಸಿಕ್ಕಿತು. ಇದು ಎಂಥ ಆಶ್ಚರ್ಯ! ದೇವರ ಪುಸ್ತಕವು ದೇವರ ಮನೆಯಲ್ಲಿಯೇ ಕಳೆದುಹೋಗಿತ್ತು. ಬೆಳಂಬಾರದ ಆ ಕೆಂಪು ಬಟ್ಟೆಯ ಗಂಟನ್ನು ನಾವು ನೆನಸಿದಾಗೆಲ್ಲಾ ಈ ಅಧ್ಯಾಯವು ನೆನಪಿಗೆ ಬರುವದು. ಲೇಖಕನಾದ ಶಾಫಾನನು ಅದನ್ನು ಅರಸನ ಮುಂದೆ ಓದಿದನು. ಅರಸನು ಕೇಳಿ ತನ್ನ ಬಟ್ಟೆಗಳನ್ನು ಹರಿದುಕೊಂಡನು. ವಿಚಾರಿಸಿ ಬರುವದಕ್ಕಾಗಿ ಜನರನ್ನು ಪ್ರವಾದಿನಿಯಾದ ಹುಲ್ದಳ ಬಳಿಗೆ ಕಳುಹಿಸಿದನು. ಆ ಮೇಲೆ ದೇಶದಲ್ಲೆಲ್ಲಾ ಅವನು ಮಾಡಿದ ಶುದ್ಧೀಕರಣವನ್ನು ಮುಂದಿನ ಅಧ್ಯಾಯದಲ್ಲಿ ಓದಬಹುದು.

ಇನ್ನು ಯೆರೆಮೀಯನ 36ನೇ ಅಧ್ಯಾಯಕ್ಕೆ ಬನ್ನಿರಿ. ಇಲ್ಲಿಯ ಅರಸನು ಯೆಹೋಯಾಕೀಮನು. ಇವನು ಬೇರೆ ಯಾರೂ ಅಲ್ಲ, ಆ ಯೋಷೀಯನ ಮಗನೇ. ಒಂಭತ್ತನೇ ತಿಂಗಳು, ಚಳಿಗಾಲ. ಅರಸನು ಅಗ್ಗಿಷ್ಟಿಗೆಯ ಮುಂದೆ ಕೂತಿದ್ದಾನೆ. ಬಾರೂಕನು ಬರೆದ ಸುರುಳಿಯನ್ನು ಒಬ್ಬನು ಓದುತ್ತಾನೆ. ಮೂರು ನಾಲ್ಕು ಅಂಕಣಗಳನ್ನು ಓದುತ್ತಲೇ ಅಷ್ಟನ್ನು ಲೇಖಕನ ಚೂರಿಯಿಂದ ಕತ್ತರಿಸಿ ಬೆಂಕಿಗೆ ಹಾಕಲಾಗುತ್ತದೆ. ಹೀಗೆ ಸುರುಳಿಯೆಲ್ಲಾ ಸುಟ್ಟುಹೋಗುತ್ತದೆ. ಸುಡಬೇಡವೆಂದು ಬಿನ್ನವಿಸಿದವರೊಳಗೆ ಗೆಮರ್ಯನೆಂಬವನೊಬ್ಬನಿದ್ದನು. ಅವನು ಶಾಫಾನನ ಮಗನು! ತಂದೆಯು ಓದಿದಾಗ ಒಬ್ಬ ಅರಸನು ತನ್ನ ಬಟ್ಟೆಯನ್ನು ಹರಿದುಕೊಂಡನು; ಮಗನು ಬೇಡಿಕೊಂಡಾಗ ಆ ಅರಸನ ಮಗನು ಪುಸ್ತಕವನ್ನೇ ಸುಟ್ಟನು.

ಇದರಿಂದ ಒಂದು ಸಂಗತಿಯನ್ನು ನಾವು ಧೈರ್ಯವಾಗಿ ಒಪ್ಪಿಕೊಳ್ಳಬೇಕು. ಪುಸ್ತಕವು ತಾಯಿತವಲ್ಲ. ಮನೆಯಲ್ಲಿ ಇದ್ದ ಮಾತ್ರಕ್ಕೆ ಅದು ಯಾರನ್ನೂ ಕಾಯುವದಿಲ್ಲ, ಓದಿದ ಮಾತ್ರಕ್ಕೆ ಯಾರನ್ನೂ ಬದಲಾಯಿಸುವದಿಲ್ಲ. ಯೆಹೋಯಾಕೀಮನು ಓದು ಬಾರದ ಹಳ್ಳಿಗನಲ್ಲ. ಆದರೆ ಅವನಿಗೆ ಆ ಮಾತುಗಳು ಎಲ್ಲಿಗೆ ಮುಟ್ಟುತ್ತವೆಂಬದು ಚೆನ್ನಾಗಿ ತಿಳಿದಿತ್ತು, ಆದಕಾರಣವೇ ಸುಟ್ಟನು. ಸುಮ್ಮನೆ ಕೇಳಿ ಆಕಳಿಸುವವನಿಗಿಂತ ಸಿಟ್ಟುಗೊಂಡು ಸುಟ್ಟವನು ಪುಸ್ತಕದ ಬಲವನ್ನು ಹೆಚ್ಚಾಗಿ ಅರಿತವನೋ ಎಂದು ನಮಗೆ ಒಮ್ಮೊಮ್ಮೆ ಅನಿಸುವದುಂಟು.

ಮೂರನೇ ಭಾಗದಲ್ಲಿ ಐಥಿಯೋಪ್ಯದ ಕಂಚುಕಿಯು ರಥದಲ್ಲಿ ಕೂತು ಯೆಶಾಯನ ಗ್ರಂಥವನ್ನೋದುತ್ತಾ ಹೋಗುತ್ತಾನೆ. ಓದುವವನಿಗೆ ಅರ್ಥವಾಗುತ್ತದೋ ಎಂದು ಫಿಲಿಪ್ಪನು ಕೇಳಿದಾಗ ಅವನು ನಾಚಿಕೆಪಡದೆ, ದಾರಿ ತೋರಿಸುವವರು ಬೇಕೆಂದು ಒಪ್ಪಿಕೊಂಡನು. ರಾಣಿಯ ಭಂಡಾರದ ಮೇಲಧಿಕಾರಿಯಾಗಿದ್ದರೂ ಒಪ್ಪಿಕೊಂಡನು. ನಮ್ಮಲ್ಲಿ ಏಳನೇ ಇಯತ್ತೆ ಕಲಿತವರೂ ಅರ್ಥವಾಗಲಿಲ್ಲವೆಂದು ಹೇಳುವದಕ್ಕೆ ಹಿಂಜರಿಯುತ್ತೇವೆ.

ಸತ್ಯವೇದದ ಕಾಲದಲ್ಲಿ ಹೀಗಾಯಿತು, ಈಗ ಎಲ್ಲಿ ಎಂದು ಕೇಳುವವರಿಗಾಗಿ ನಮ್ಮ ಕನ್ನಡ ನಾಡಿನಲ್ಲಿಯೇ ಹುಟ್ಟಿದ ಒಬ್ಬ ಹೆಂಗಸಿನ ಚರಿತ್ರೆಯನ್ನು ಸ್ವಲ್ಪ ವಿಸ್ತಾರವಾಗಿ ಹೇಳುವೆವು. ಪಂಡಿತಾ ರಮಾಬಾಯಿಯವರ ಹೆಸರನ್ನು ಅನೇಕರು ಕೇಳಿದ್ದೀರಿ. ಅವರು ಪುಣೆಯ ಕಡೆಯವರೆಂದು ನಮ್ಮ ಜನರು ತಿಳಿದಿರುವದುಂಟು. ಆದರೆ ಅವರ ತಂದೆಯಾದ ಅನಂತಶಾಸ್ತ್ರಿ ಡೋಂಗ್ರೆಯವರು ಕಾರ್ಕಳದ ಹತ್ತಿರದ ಮಾಳ ಎಂಬ ಊರಿನವರು. ಇವರು ತರುಣರಾಗಿದ್ದಾಗ ಪುಣೆಯಲ್ಲಿ ಓದುತ್ತಿದ್ದರು. ಅಲ್ಲಿ ಅವರ ಗುರುಗಳು ಪೇಶ್ವೆಯ ಮನೆಯ ಸ್ತ್ರೀಗೆ ಸಂಸ್ಕೃತವನ್ನು ಕಲಿಸುವದನ್ನು ಕಂಡು, ಹೆಂಗಸರೂ ಓದಬಹುದಲ್ಲಾ ಎಂಬ ವಿಚಾರವು ಅವರ ಮನಸ್ಸಿನಲ್ಲಿ ನೆಟ್ಟಿತು. ಊರಿಗೆ ಬಂದು ತಮ್ಮ ಹೆಂಡತಿಗೆ ಕಲಿಸಲು ಯತ್ನಿಸಿದರು. ಆಕೆಯೂ ಒಪ್ಪಲಿಲ್ಲ, ಮನೆಯ ಹಿರಿಯರೂ ಒಪ್ಪಲಿಲ್ಲ. ಆಕೆಯು ತೀರಿಹೋದ ಮೇಲೆ ಲಕ್ಷ್ಮೀ ಎಂಬ ಚಿಕ್ಕ ಹುಡುಗಿಯನ್ನು ಆ ಕಾಲದ ರೂಢಿಯಂತೆ ಮದುವೆಯಾಗಿ ಆಕೆಗೆ ಓದು ಕಲಿಸತೊಡಗಿದರು. ಇದು ದೊಡ್ಡ ಅಪರಾಧವೆಂದು ಜನರು ಎಣಿಸಿದರು. ಉಡುಪಿಯಲ್ಲಿ ವಿದ್ವಾಂಸರ ಮುಂದೆ ಅವರು ಉತ್ತರ ಕೊಡಬೇಕಾಯಿತು. ಶಾಸ್ತ್ರಗಳಿಂದಲೇ ಆಧಾರವನ್ನು ತೋರಿಸಿ ತಮ್ಮ ಪಕ್ಷವನ್ನು ಸ್ಥಾಪಿಸಿದರಂತೆ. ಆದರೂ ಊರಲ್ಲಿರುವದು ಕಷ್ಟವೆಂದು ಕಂಡು ಹೆಂಡತಿಯನ್ನು ಕರಕೊಂಡು ಘಟ್ಟವನ್ನೇರಿ, ತುಂಗೆ ಭದ್ರೆ ನೇತ್ರಾವತಿಗಳು ಹುಟ್ಟುವ ಗಂಗಾಮೂಲದ ಕಾಡಿಗೆ ಹೋದರು. ಮೊದಲನೇ ರಾತ್ರಿ ತಲೆಯ ಮೇಲೆ ಸೂರು ಸಹ ಇರಲಿಲ್ಲ; ಕೊಳ್ಳದ ಆಚೆಯಿಂದ ಹುಲಿಯು ಗರ್ಜಿಸುತ್ತಿತ್ತು; ಆ ಹುಡುಗಿಯು ಹೊದಿಕೆಯಲ್ಲಿ ಮುದುರಿಕೊಂಡು ಬೆಳಗಿನ ವರೆಗೆ ನಡುಗುತ್ತಾ ಮಲಗಿದ್ದಳು. ಒಬ್ಬ ಹೆಂಗಸು ಅಕ್ಷರ ಕಲಿಯುವದಕ್ಕೋಸ್ಕರ ಕೊಟ್ಟ ಬೆಲೆ ಇದು. ನಮ್ಮ ಹುಡುಗಿಯರು ಸೈಕಲ್ಲನ್ನೇರಿ ಹೈಸ್ಕೂಲಿಗೆ ಹೋಗುವದನ್ನು ನೋಡುವಾಗ ಇದನ್ನು ಅವರಿಗೆ ಹೇಳಿರಿ.

ಆ ಕಾಡಿನ ಮನೆಯಲ್ಲಿ 1858ರ ಎಪ್ರಿಲ್ 23ರಂದು ರಮಾಬಾಯಿಯವರು ಹುಟ್ಟಿದರು. ತಾಯಿಯೇ ಅವರಿಗೆ ಗುರುವಾದಳು. ಕುಟುಂಬವು ಯಾತ್ರೆಗೆ ಹೊರಟಾಗ ಕೂಸನ್ನು ಬುಟ್ಟಿಯಲ್ಲಿಟ್ಟು ಹೊತ್ತುಕೊಂಡು ಹೋದರು. ಆ ಮೇಲೆ ಅವರಿಗೆ ನೆಲೆಯಾದ ಮನೆ ಎಂಬದಿರಲಿಲ್ಲ. 1870ರ ದಶಕದ ಘೋರ ಕ್ಷಾಮದಲ್ಲಿ ತಂದೆ, ತಾಯಿ, ಅಕ್ಕ ಎಲ್ಲರೂ ತೀರಿಹೋದರು. ಉಳಿದ ಅಣ್ಣ ತಂಗಿಯರು ನಡೆಯುತ್ತಾ ನಡೆಯುತ್ತಾ 1878ರಲ್ಲಿ ಕಲ್ಕತ್ತೆಯನ್ನು ಮುಟ್ಟಿದರು. ಅಲ್ಲಿಯ ವಿದ್ವಾಂಸರು ಆಕೆಯ ಸಂಸ್ಕೃತ ಪಾಂಡಿತ್ಯಕ್ಕೆ ಬೆರಗಾಗಿ ಪಂಡಿತಾ ಎಂಬ ಬಿರುದನ್ನು ಕೊಟ್ಟರು.

ಇಲ್ಲಿ ಗಮನಿಸತಕ್ಕದ್ದೊಂದಿದೆ. ಕಲ್ಕತ್ತೆಯಲ್ಲಿ ಕ್ರೈಸ್ತರ ಕೂಟವೊಂದಕ್ಕೆ ಹೋದಾಗ ಅವರಿಗೆ ಸಂಸ್ಕೃತದಲ್ಲಿ ಅಚ್ಚಾದ ಸತ್ಯವೇದವನ್ನು ಕೊಟ್ಟರು. ಅವರು ಅದನ್ನೋದಲು ನೋಡಿದರು. ಅದರ ಭಾಷೆಯು ತಾವು ಕಲಿತ ಸಂಸ್ಕೃತದ ಹಾಗಿಲ್ಲ, ಉಪದೇಶವೂ ಬೇರೆ; ಓದುವದು ಕಾಲಹರಣವೆಂದು ಬದಿಗಿಟ್ಟರು. ಅಂದರೆ ಪುಸ್ತಕವು ಕೈಗೆ ಬಂದಿತ್ತು, ಓದುವ ಶಕ್ತಿಯೂ ಬೇಕಾದಷ್ಟಿತ್ತು, ಏನೂ ಆಗಲಿಲ್ಲ. ಇದಾದ ಮೇಲೆ ಹೆಂಗಸರಿಗೆ ಉಪನ್ಯಾಸ ಮಾಡುವದಕ್ಕಾಗಿ ಧರ್ಮಶಾಸ್ತ್ರಗಳನ್ನು ತಾವೇ ಓದಿದರು. ಆ ಗ್ರಂಥಗಳು ಬೇರೆ ಅನೇಕ ವಿಷಯಗಳಲ್ಲಿ ಒಂದಕ್ಕೊಂದು ಹೊಂದದಿದ್ದರೂ, ಹೆಂಗಸರನ್ನೂ ಕೆಳಜಾತಿಯವರನ್ನೂ ತಗ್ಗಿಸುವದರಲ್ಲಿ ಒಂದಾಗಿವೆ ಎಂದು ಅವರಿಗೆ ಕಂಡಿತು. ಇದನ್ನು ಯಾವ ಪಾದ್ರಿಯೂ ಅವರಿಗೆ ಹೇಳಿಕೊಟ್ಟದ್ದಲ್ಲ. ತಮ್ಮ ತಾಯಿಯು ಕಲಿಸಿಕೊಟ್ಟ ಓದಿನಿಂದಲೇ ಕಂಡುಕೊಂಡರು.

1880ರಲ್ಲಿ ಅಣ್ಣನೂ ತೀರಿದನು. ಅದೇ ವರುಷ ಬಿಪಿನ್ ಬಿಹಾರಿ ಎಂಬ ವಕೀಲನನ್ನು, ಜಾತಿಯ ಕಟ್ಟನ್ನು ಮೀರಿ, ಮದುವೆಯಾಗಿ ಅಸ್ಸಾಮಿನ ಕಡೆಯ ಸಿಲ್ಚಾರಿನಲ್ಲಿ ನೆಲೆಸಿದರು. ಅಲ್ಲಿ ಗಂಡನ ಪುಸ್ತಕಗಳ ನಡುವೆ ಬಂಗಾಳಿಯಲ್ಲಿ ಅಚ್ಚಾದ ಲೂಕನ ಸುವಾರ್ತೆಯ ಚಿಕ್ಕ ಪುಸ್ತಕವೊಂದು ಅವರಿಗೆ ಸಿಕ್ಕಿತು. ಅದು ಅಲ್ಲಿಗೆ ಹೇಗೆ ಬಂತೆಂದು ಅವರಿಗೆ ತಿಳಿಯದು. ಯಾರೋ ಬಜಾರದಲ್ಲೋ ದೋಣಿಯಲ್ಲೋ ಹಂಚಿದ ಪ್ರತಿಯಾಗಿರಬಹುದೆಂದು ನಾವು ಊಹಿಸುತ್ತೇವೆ. ಹಾಗಿದ್ದರೆ ಹಂಚಿದವನು ಅದನ್ನು ಎಂದೋ ಮರೆತಿರಬೇಕು. ಸಂಸ್ಕೃತದ ದೊಡ್ಡ ಗ್ರಂಥವು ಮಾಡದ ಕೆಲಸವನ್ನು ಈ ಚಿಕ್ಕ ಪುಸ್ತಕವು ಆರಂಭಿಸಿತು. ಗಂಡನಿಗೆ ಇದು ಮೆಚ್ಚಿಕೆಯಾಗಲಿಲ್ಲ. 1882ರಲ್ಲಿ ಅವನು ವಾಂತಿಭೇದಿಯಿಂದ ತೀರಿಹೋದನು. ಕೈಯಲ್ಲಿ ಮನೋರಮೆ ಎಂಬ ಕೂಸು ಉಳಿಯಿತು.

ಮುಂದಿನ ವರುಷ ಇಂಗ್ಲೆಂಡಿಗೆ ಹೋದರು. ಅಲ್ಲಿ ಬಿದ್ದುಹೋದ ಹೆಂಗಸರನ್ನು ಕೆಲವು ಸಹೋದರಿಯರು ಆದರಿಸಿ ಎತ್ತುವದನ್ನು ಕಂಡು, ಇವರಿಗೆ ಈ ಕನಿಕರವು ಎಲ್ಲಿಂದ ಬಂತೆಂದು ಕೇಳಿದರು. ಆಗ ಒಬ್ಬಾಕೆಯು ಯೋಹಾನನ ಸುವಾರ್ತೆಯ 4ನೇ ಅಧ್ಯಾಯದ ಸಮಾರ್ಯದ ಸ್ತ್ರೀಯ ಕಥೆಯನ್ನು ಓದಿ ತೋರಿಸಿದಳು. 1883ರ ಸೆಪ್ಟೆಂಬರ್ 29ರಂದು ವಾಂಟೇಜ್ ಎಂಬಲ್ಲಿ ದೀಕ್ಷಾಸ್ನಾನವಾಯಿತು. ಆದರೆ ಅಲ್ಲಿಗೆ ಮುಗಿಯಲಿಲ್ಲ. ತಾನು ಕ್ರೈಸ್ತ ಮತವನ್ನು ಕಂಡುಕೊಂಡೆನೇ ಹೊರತು ಕ್ರಿಸ್ತನನ್ನು ಕಂಡುಕೊಳ್ಳಲಿಲ್ಲವೆಂಬ ಅರ್ಥದಲ್ಲಿ ಅವರು ಆ ಮೇಲೆ ತಮ್ಮ ವಿಷಯವಾಗಿ ತಾವೇ ಹೇಳಿಕೊಂಡರು. ಎಂಟು ವರುಷಗಳಾದ ಬಳಿಕ ಹ್ಯಾಸ್ಲಾಮ್ ಎಂಬ ಇಂಗ್ಲಿಷ್ ಬೋಧಕನ ಆತ್ಮಚರಿತ್ರೆಯನ್ನು ಓದಿದಾಗ ಅವರ ಮನಸ್ಸು ಪುನಃ ಕಲಕಿತು. ಈ ಹ್ಯಾಸ್ಲಾಮನು ವರುಷಗಟ್ಟಲೆ ಪ್ರಸಂಗಮಾಡುತ್ತಿದ್ದು, ಒಂದು ದಿನ ಪ್ರಸಂಗಪೀಠದ ಮೇಲೆ ನಿಂತಿರುವಾಗಲೇ ತಾನು ಮನಸ್ಸು ತಿರುಗಿದವನು. ಉಪದೇಶಿಗಳಾದ ನಾವು ಈ ಸಂಗತಿಯನ್ನು ಬೇಗನೆ ದಾಟಿಹೋಗಬಾರದು.

ರಮಾಬಾಯಿಯವರು 1889ರಲ್ಲಿ ಮುಂಬಯಿಯಲ್ಲಿ ಶಾರದಾ ಸದನವನ್ನೂ ಬಳಿಕ ಕೇಡಗಾಂವದಲ್ಲಿ ಮುಕ್ತಿ ಎಂಬ ಆಶ್ರಮವನ್ನೂ ಸ್ಥಾಪಿಸಿ, ವಿಧವೆಯರನ್ನೂ ಕ್ಷಾಮದಲ್ಲಿ ಅನಾಥರಾದ ಹುಡುಗಿಯರನ್ನೂ ಸಾಕಿದರು. 1912ರಲ್ಲಿ ನಮ್ಮ ಕಲಬುರಗಿಯಲ್ಲಿಯೂ ಒಂದು ಶಾಲೆಯನ್ನು ತೆರೆದರು; ಮಗಳಾದ ಮನೋರಮೆಯು ಅದನ್ನು ನಡಿಸಿದಳು. ಕೊನೆಯ ವರುಷಗಳಲ್ಲಿ ಗ್ರೀಕ್ ಇಬ್ರಿಯ ಭಾಷೆಗಳನ್ನು ಕಲಿತು ಸತ್ಯವೇದವನ್ನು ಹಳ್ಳಿಯ ಹೆಂಗಸರಿಗೆ ತಿಳಿಯುವ ಸುಲಭವಾದ ಮರಾಠಿಗೆ ತಿರುಗಿಸಿದರು. ಸಂಸ್ಕೃತದ ಪ್ರತಿಯನ್ನು ಬದಿಗಿಟ್ಟ ಆ ದಿನವು ಅವರ ನೆನಪಿನಲ್ಲಿತ್ತೋ ಏನೋ. ಅಚ್ಚಿನ ಮೊಳೆಗಳನ್ನು ಜೋಡಿಸಿದವರೂ ಆ ಆಶ್ರಮದ ಹೆಂಗಸರೇ. 1922ರ ಎಪ್ರಿಲಿನಲ್ಲಿ ಕೆಲಸವು ಮುಗಿಯುತ್ತಲೇ ಅವರು ತೀರಿಕೊಂಡರು.

ಪುಸ್ತಕದಿಂದ ಹೊಸ ದಾರಿಯನ್ನು ಹಿಡಿದವರು ಇನ್ನೂ ಅನೇಕರಿದ್ದಾರೆ. ಯಾತ್ರಿಕನ ಸಂಚಾರವನ್ನು ಬರೆದ ಬನ್ಯನನು ಪಾತ್ರೆ ತಿದ್ದುವ ಬಡವನು. ಮದುವೆಯಾದಾಗ ಗಂಡಹೆಂಡಿರಿಗೆ ಒಂದು ತಟ್ಟೆ ಚಮಚ ಸಹ ಇರಲಿಲ್ಲವೆಂದೂ, ಹೆಂಡತಿಯು ತನ್ನ ತಂದೆಯು ಬಿಟ್ಟುಹೋದ ಎರಡು ಪುಸ್ತಕಗಳನ್ನು ಮಾತ್ರ ತಂದಳೆಂದೂ, ಅವುಗಳನ್ನು ಇಬ್ಬರೂ ಕೂಡಿ ಓದಿದ್ದರಿಂದ ತನ್ನೊಳಗೆ ಮೊದಲನೇ ಆಶೆ ಹುಟ್ಟಿತೆಂದೂ ಅವನೇ ಬರೆದಿದ್ದಾನೆ. ಮದುವೆಯ ಮಾತುಕತೆಯಲ್ಲಿ ಬಂಗಾರವನ್ನು ತೂಗುವ ತಾಯಿತಂದೆಗಳು ಇದನ್ನು ಯೋಚಿಸಲಿ. 1904ರಲ್ಲಿ ಗಾಂಧಿಯವರು ಜೋಹಾನ್ಸ್‌ಬರ್ಗಿನಿಂದ ಡರ್ಬಾನಿಗೆ ರೈಲಿನಲ್ಲಿ ಹೊರಟಾಗ ಪೋಲಾಕ್ ಎಂಬ ಮಿತ್ರನು ರಸ್ಕಿನ್ನನ ಒಂದು ಪುಸ್ತಕವನ್ನು ಕೈಯಲ್ಲಿಟ್ಟನು. ರಾತ್ರಿಯೆಲ್ಲಾ ನಿದ್ರೆ ಬರಲಿಲ್ಲ. ಆ ಪುಸ್ತಕದಂತೆ ಬಾಳಬೇಕೆಂದು ನಿಶ್ಚಯಿಸಿ, ಅದೇ ವರುಷ ಫೀನಿಕ್ಸ್ ಎಂಬಲ್ಲಿ ಹೊಲವನ್ನು ಕೊಂಡು ಕೈಕೆಲಸದ ಜೀವನವನ್ನಾರಂಭಿಸಿದರು. ಆ ಪುಸ್ತಕದ ಹೆಸರೇ ಮತ್ತಾಯನ 20ನೇ ಅಧ್ಯಾಯದ ದ್ರಾಕ್ಷೇತೋಟದ ಸಾಮ್ಯದಿಂದ ತೆಗೆದದ್ದು: ಸಂಜೆಗೆ ಬಂದ ಕೂಲಿಯವನಿಗೂ ಪೂರಾ ಕೂಲಿ! ನಾವು ಆ ಸಾಮ್ಯವನ್ನು ಎಷ್ಟು ಸಾರಿ ಕೇಳಿದ್ದೇವೆ, ನಮ್ಮ ಗದ್ದೆಯ ಕೂಲಿಯವರ ಲೆಕ್ಕದಲ್ಲಿ ಅದು ಎಷ್ಟು ಸಾರಿ ನೆನಪಿಗೆ ಬಂದಿದೆ?

ಅಗಸ್ಟೀನನು 386ರಲ್ಲಿ ಮಿಲಾನಿನ ತೋಟದಲ್ಲಿ ಪೌಲನ ಪತ್ರಿಕೆಯನ್ನು ತೆರೆದು ಕಣ್ಣಿಗೆ ಬಿದ್ದ ವಚನವನ್ನೋದಿ ಮನಸ್ಸು ತಿರುಗಿದ್ದು ಎಲ್ಲರಿಗೂ ತಿಳಿದಿದೆ. ಇದನ್ನು ಹೇಳಿದಾಗಲೆಲ್ಲಾ ಒಂದು ಎಚ್ಚರಿಕೆಯನ್ನೂ ಹೇಳಬೇಕಾಗುತ್ತದೆ. ಎಮ್ಮೆಯನ್ನು ಕೊಳ್ಳಲೋ ಬೇಡವೋ ಎಂದು ಕಣ್ಣು ಮುಚ್ಚಿ ಸತ್ಯವೇದವನ್ನು ತೆರೆದು ಬೆರಳಿಟ್ಟವರನ್ನು ನಾವು ಬಲ್ಲೆವು. ಅದು ಓದಲ್ಲ, ಶಕುನ. ಅಗಸ್ಟೀನನು ಆ ದಿನಕ್ಕೆ ಮುಂಚೆ ಪೌಲನನ್ನು ಬಹಳ ಓದಿದ್ದನು.

ನಮ್ಮ ಸೀಮೆಗೆ ಬರೋಣ. ಕನ್ನಡದಲ್ಲಿ ಅಚ್ಚಿನ ಪುಸ್ತಕವು ಜನರ ಕೈಗೆ ಬಂದು ಬಹಳ ಕಾಲವಾಗಲಿಲ್ಲ. ಬಾಸೆಲ್ ಮಿಶನಿನವರು ಮಂಗಳೂರಿಗೆ ಬಂದದ್ದು 1834ರಲ್ಲಿ. ಅಲ್ಲಿ ಕಲ್ಲಚ್ಚಿನ ಮುದ್ರಣವು 1841ರಲ್ಲಿ ಆರಂಭವಾಯಿತು. ಮ್ಯೋಗ್ಲಿಂಗ್ ಪಾದ್ರಿಯವರ ಮಂಗಳೂರ ಸಮಾಚಾರವು 1843ರಲ್ಲಿ ಹೊರಟಿತು. ಕಿಟ್ಟೆಲರ ನಿಘಂಟು 1894ರಲ್ಲಿ. ಆದರೆ ಅಚ್ಚಾದ ಪುಸ್ತಕ ಬೇರೆ, ಓದುವ ಕಣ್ಣು ಬೇರೆ. 1951ರ ಜನಗಣತಿಯಲ್ಲಿ ಭಾರತದಲ್ಲಿ ನೂರಕ್ಕೆ ಸುಮಾರು 18 ಮಂದಿಗೆ ಮಾತ್ರ ಅಕ್ಷರ ಬರುತ್ತಿತ್ತು. ಹೆಂಗಸರಲ್ಲಿ ನೂರಕ್ಕೆ 9 ಸಹ ಇರಲಿಲ್ಲ. 2011ರ ಗಣತಿಯಲ್ಲಿ ನಮ್ಮ ಉತ್ತರ ಕನ್ನಡ ಜಿಲ್ಲೆಯಲ್ಲಿ ನೂರಕ್ಕೆ 84 ಮಂದಿ ಅಕ್ಷರಸ್ಥರು. ಈ ಬದಲಾವಣೆಗಾಗಿ ದುಡಿದವರಲ್ಲಿ ಅಂಕೋಲೆಯ ದಿನಕರ ದೇಸಾಯಿಯವರನ್ನು ನೆನಸದೆ ಇರಲಾಗದು. ಗೇಣಿದಾರರ ಪಕ್ಷವನ್ನು ಹಿಡಿದು ಹೋರಾಡಿ, ಜಿಲ್ಲೆಯಿಂದ ಗಡೀಪಾರಾಗಿ, ಹಿಂದಿರುಗಿ 1953ರಲ್ಲಿ ಕೆನರಾ ವೆಲ್‌ಫೇರ್ ಟ್ರಸ್ಟನ್ನು ಸ್ಥಾಪಿಸಿ ಹಳ್ಳಿಗಳಲ್ಲಿ ಹೈಸ್ಕೂಲುಗಳನ್ನು ತೆರೆದರು. ಹೆಬ್ಬೆಟ್ಟು ಒತ್ತುವವನಿಗೆ ಭೂಮಿ ಸಿಕ್ಕಿದರೂ ಅದು ನಿಲ್ಲುವದಿಲ್ಲವೆಂದು ಅವರು ಕಂಡಿದ್ದರೆಂದು ನಮಗೆ ತೋರುವದು.

ಆದರೆ ಅಕ್ಷರ ಬಾರದವರನ್ನು ಯಾರೂ ಹೀನೈಸಬಾರದು. ಬಡಗೇರಿಯ ಸುಕ್ರಿ ಬೊಮ್ಮಗೌಡರು ಶಾಲೆಯನ್ನು ಕಾಣದವರು. ಹಾಲಕ್ಕಿ ಒಕ್ಕಲಿಗರ ಅಸಂಖ್ಯ ಹಾಡುಗಳನ್ನು ಬಾಯಲ್ಲಿ ಇಟ್ಟುಕೊಂಡಿದ್ದರು, ಸಾರಾಯಿಯ ವಿರುದ್ಧ ಹೆಂಗಸರನ್ನು ಕಟ್ಟಿ ಹೋರಾಡಿದರು. 2017ರಲ್ಲಿ ಅವರಿಗೆ ಪದ್ಮಶ್ರೀ ಬಂತು, 2025ರಲ್ಲಿ ತೀರಿಕೊಂಡರು. ನೆನಪು ಎಂಬ ಪುಸ್ತಕವನ್ನು ಅವರು ನಮಗಿಂತ ಚೆನ್ನಾಗಿ ಓದಿದ್ದರು. ಯೋಷೀಯನೂ ತಾನೇ ಓದಲಿಲ್ಲ, ಕೇಳಿದನು.

ಈಗ ಬೆಳಂಬಾರದ ಆ ಮನೆಗೇ ಪುನಃ ಹೋಗೋಣ. ಗೆದ್ದಲು ತಿಂದ ಪುಸ್ತಕದ ಯಜಮಾನನು ಅರುವತ್ತು ದಾಟಿದವನು. ಸಹಿ ಮಾಡುವದನ್ನು ಮಾತ್ರ ಕಲಿತಿದ್ದನು. ಅದು ಅಕ್ಷರವೋ ಚಿತ್ರವೋ ಅವನಿಗೇ ತಿಳಿಯದು. ಆ ಸಂಜೆಯ ನಾಚಿಕೆಯಿಂದಲೇ ಇರಬೇಕು, ಕೆಲವು ದಿನಗಳ ಮೇಲೆ ನಮ್ಮ ಬಳಿಗೆ ಬಂದು, “ಮಾಸ್ತರರೇ, ಈ ಪ್ರಾಯದಲ್ಲಿ ನನಗೆ ಓದು ಹತ್ತುವದೋ?” ಎಂದು ಕೇಳಿದನು. ವಾರಕ್ಕೆರಡು ಸಂಜೆ ಕೂತೆವು. ಮೊಮ್ಮಗಳ ಒಂದನೇ ತರಗತಿಯ ಪುಸ್ತಕ, ಬಸ್ಸಿನ ಬೋರ್ಡು, ಆ ಮೇಲೆ ಲೂಕನ ಸುವಾರ್ತೆ. ಒಂದು ವರುಷಕ್ಕೂ ಮಿಕ್ಕಿ ಹಿಡಿಯಿತು. ಬೆರಳಿಟ್ಟು, ಒತ್ತಕ್ಷರ ಬಂದಲ್ಲಿ ನಿಂತು, ಹಿಂದಕ್ಕೆ ಹೋಗಿ, ಹೀಗೆ ಒಂದು ಸಂಜೆಗೆ ನಾಲ್ಕೈದು ವಚನ.

ಜಕ್ಕಾಯನ ಕಥೆಯನ್ನು ಅವನು ನಮ್ಮ ಬಾಯಿಂದಲೇ ಹತ್ತಾರು ಸಾರಿ ಕೇಳಿದ್ದನು. ಅತ್ತಿಮರವನ್ನು ಹತ್ತಿದ ಕುಳ್ಳನೆಂದು ಮಕ್ಕಳಿಗೆ ಹೇಳಿ ನಗಿಸುತ್ತಿದ್ದನು. ಅದೇ ಕಥೆಯನ್ನು ತಾನೇ ಓದುತ್ತಾ, ಅನ್ಯಾಯವಾಗಿ ತಕ್ಕೊಂಡದ್ದನ್ನು ನಾಲ್ಕರಷ್ಟು ತಿರುಗಿ ಕೊಡುವೆನೆಂಬ ವಚನಕ್ಕೆ ಬಂದಾಗ ಅವನ ಬೆರಳು ನಿಂತಿತು. ಒತ್ತಕ್ಷರದ ತೊಡಕೆಂದು ನಾವು ಎಣಿಸಿ ಹೇಳಿಕೊಡಲು ಬಾಗಿದೆವು. ಅವನು ಪುಸ್ತಕವನ್ನು ಮುಚ್ಚಿ, ದೀಪ ಕಡಿಮೆಯಾಗಿದೆ ಎಂದನು. ಮೂರು ವಾರ ಬರಲಿಲ್ಲ. ನಾವು ಕಣ್ಣಿನ ತೊಂದರೆಯೆಂದು ತಿಳಿದು ಕಾರವಾರಕ್ಕೆ ಕರಕೊಂಡು ಹೋಗುವ ಯೋಚನೆಯನ್ನೂ ಮಾಡಿದೆವು.

ನಾಲ್ಕನೇ ವಾರ ಬಂದನು. ಕೈಯಲ್ಲಿ ಸುವಾರ್ತೆಯಿರಲಿಲ್ಲ, ಗದ್ದೆಯ ಪಹಣಿಯಿತ್ತು. “ಇದನ್ನೂ ಓದಿದೆ ಮಾಸ್ತರರೇ. ಇದರಲ್ಲಿ ಒಂದೇ ಹೆಸರಿದೆ” ಎಂದನು.

ಸಂಗತಿಯು ಹೀಗಿತ್ತು. 1974ರಲ್ಲಿ ಭೂಸುಧಾರಣೆಯ ತಿದ್ದುಪಡಿ ಕಾನೂನು ಜಾರಿಗೆ ಬಂದು, ಗೇಣಿದಾರರು 7ನೇ ನಂಬ್ರದ ಫಾರಮನ್ನು ತುಂಬಿಕೊಟ್ಟು ತಾವು ಉಳುವ ಭೂಮಿಗೆ ಹಕ್ಕನ್ನು ಕೇಳಬಹುದಾಗಿತ್ತು. ಓದು ಬಲ್ಲವರಿಲ್ಲದ ಮನೆಗಳಿಗೆ ಅದನ್ನು ಬೇರೆಯವರೇ ಬರೆದುಕೊಟ್ಟರು. ಇವರ ತಂದೆಯು ಆಗ ತೀರಿದ್ದನು. ತಮ್ಮನು ಗೋವೆಯಲ್ಲಿ ಕೂಲಿಗೆ ಹೋಗಿದ್ದನು. ಫಾರಮಿನಲ್ಲಿ ಒಂದೇ ಹೆಸರು ಬಿತ್ತು. ತನಗೆ ಓದು ಬಾರದು, ಬರೆದವರು ಹಾಗೆ ಬರೆದರು ಎಂದು ಇವನು ನಾಲ್ವತ್ತು ವರುಷ ತನ್ನ ಮನಸ್ಸಿಗೆ ಸಮಾಧಾನ ಹೇಳಿಕೊಂಡಿದ್ದನು. ಹಿಂದಿರುಗಿದ ತಮ್ಮನು ಅದೇ ಗದ್ದೆಯ ಅಂಚಿನ ಮೇಲೆ ಗುಡಿಸಲು ಕಟ್ಟಿ, ಅರ್ಧ ತನಗೆ ಬರಬೇಕಾದ ನೆಲದಲ್ಲಿ ಅಣ್ಣನಿಗೆ ಕೂಲಿಯವನಾಗಿ ನಾಟಿ ಮಾಡಿದನು. ಓದು ಬಾರದೆಂಬ ನೆಪವು ಈಗ ಉಳಿಯಲಿಲ್ಲ. ಲೂಕನನ್ನೋದಿದ ಕಣ್ಣು ಪಹಣಿಯನ್ನೂ ಓದಿತು.

ಮುಂದಿನದೆಲ್ಲಾ ಸುಖವಾಗಿ ಮುಗಿಯಿತೆಂದು ಬರೆಯಲು ನಮಗೆ ಆಶೆಯಿತ್ತು. ಅವನು ಅರ್ಧ ಗದ್ದೆಯನ್ನು ತಮ್ಮನಿಗೆ ಬರೆದುಕೊಡುವೆನೆಂದಾಗ ಗಂಡುಮಕ್ಕಳಿಬ್ಬರೂ ಎದುರು ನಿಂತರು. ನಮ್ಮ ಅಪ್ಪನಿಗೆ ಇಲ್ಲದ ಓದನ್ನು ಕಲಿಸಿ ಮನೆ ಒಡೆದಿರೆಂದು ನಮ್ಮನ್ನೇ ಅಂಗಳದಲ್ಲಿ ನಿಲ್ಲಿಸಿ ಮಾತಾಡಿದರು. ಹಿರಿಯ ಮಗನು ಅಂದಿನಿಂದ ಸಭೆಗೆ ಬರುವದಿಲ್ಲ. ಬಹಳ ಜಗ್ಗಾಟವಾಗಿ ಹತ್ತು ಗುಂಟೆಗೆ ಮಾತ್ರ ಅವರು ಒಪ್ಪಿದರು. ಅದನ್ನು ಅಂಕೋಲೆಯಲ್ಲಿ ನೋಂದಾಯಿಸಿದ್ದಾಯಿತು. ನ್ಯಾಯವಾಗಿ ಬರಬೇಕಾದದ್ದು ಇದರ ಎರಡರಷ್ಟು. ಜಕ್ಕಾಯನ ಲೆಕ್ಕದ ಹತ್ತಿರಕ್ಕೂ ಹೋಗಲಿಲ್ಲ.

ಕಾಗದವನ್ನು ಕೈಗೆ ಕೊಟ್ಟ ದಿನ ನಾವೂ ಅಲ್ಲಿದ್ದೆವು. ತಮ್ಮನು ಬಹಳ ಹೊತ್ತು ಮಾತಾಡಲಿಲ್ಲ. ಕಡೆಗೆ, “ಅಣ್ಣಾ, ನೀನು ಓದು ಕಲಿಯದೆ ಹೋಗಿದ್ದರೆ ನನಗೆ ಇದು ಬರುತ್ತಲೇ ಇರಲಿಲ್ಲವೋ?” ಎಂದು ಕೇಳಿದನು. ಅಣ್ಣನು ಉತ್ತರ ಕೊಡಲಿಲ್ಲ. ನಮ್ಮಲ್ಲಿಯೂ ಉತ್ತರವಿರಲಿಲ್ಲ, ಯಾಕಂದರೆ ಅದೇ ಕಥೆಯನ್ನು ವರುಷವರುಷವೂ ಪ್ರಸಂಗಿಸುತ್ತಿದ್ದವರು ನಾವೇ, ಅದೇ ಗುಡಿಸಲಿನ ಮುಂದಿನಿಂದ ಹಾದುಹೋಗುತ್ತಿದ್ದವರೂ ನಾವೇ.

ಓದುಗೂಟಗಳನ್ನು ನಡಿಸುವವರಿಗೆ ಒಂದೆರಡು ಮಾತು. ಬೇಗ ಬೇಗ ಅಧ್ಯಾಯಗಳನ್ನು ದಾಟಿಸಬೇಡಿರಿ. ಮೆಲ್ಲನೆ ಓದುವವನು ಹಿಂದೆ ಬಿದ್ದವನೆಂದು ಎಣಿಸಬೇಡಿರಿ. ಓದು ಬಲ್ಲ ಹುಡುಗಿಯು ಮನೆಯಲ್ಲಿದ್ದರೆ ಸಂಜೆ ಮೊಬೈಲನ್ನು ಬದಿಗಿಟ್ಟು ಅಜ್ಜಿಗೆ ಒಂದು ಭಾಗವನ್ನು ಗಟ್ಟಿಯಾಗಿ ಓದಲಿ, ಮಾರಣೆ ದಿನ ಅಜ್ಜಿಯು ಅದನ್ನೇ ತನ್ನ ಮಾತಿನಲ್ಲಿ ಹೇಳಲಿ. ಸತ್ಯವೇದ ಒಂದೇ ಸಾಕೆಂದು ಬೇರೆ ಪುಸ್ತಕಗಳನ್ನು ತಡೆಯಬೇಡಿರಿ. ಗೋಕರ್ಣದಲ್ಲಿ ವೇದೇಶ್ವರರು ಜೀವಮಾನವೆಲ್ಲಾ ಕೂಡಿಸಿದ ಸ್ಟಡಿ ಸರ್ಕಲ್ ಪುಸ್ತಕಭಂಡಾರದ ಕಥೆಯನ್ನು ನಮ್ಮ ತರುಣರು ಕೇಳಿ ತಿಳುಕೊಳ್ಳಲಿ. ಮನೆಯ ಕಾಗದಪತ್ರಗಳನ್ನು ಇಡುವದಕ್ಕೆ ಒಂದು ತಗಡಿನ ಡಬ್ಬಿಯನ್ನು ತಂದುಕೊಳ್ಳಿರಿ.

ಬೆಳಂಬಾರದ ನಮ್ಮ ಹಿರಿಯನು ಲೂಕನನ್ನು ಮುಗಿಸಿ ಈಗ ಅಪೊಸ್ತಲರ ಕೃತ್ಯಗಳ ಎಂಟನೇ ಅಧ್ಯಾಯದಲ್ಲಿದ್ದಾನೆ. ಹೋದ ಶನಿವಾರ ಕಂಚುಕಿ ಎಂಬ ಶಬ್ದದ ಮೇಲೆ ಬೆರಳಿಟ್ಟು, “ಇದೇನು ಮಾಸ್ತರರೇ?” ಎಂದು ಕೇಳಿದನು. ಪಕ್ಕದಲ್ಲಿ ಕೂತು ಕೇಳುತ್ತಿದ್ದ ತಮ್ಮನಿಗೂ ತಿಳಿಯಲೆಂದು ನಾವು ಸ್ವಲ್ಪ ಗಟ್ಟಿಯಾಗಿ ಹೇಳಿದೆವು.